ಅಂಬಿಗನ ದನಿ

ಗರಗರ ನಿಂತಿತು, ಈಗ ರೇಡಿಯೋ ನಾಟಕದಲ್ಲಿ ನೀರಿನ ಸದ್ದು, ಹುಟ್ಟು ಹಾಕುವ ಸದ್ದು — ಇದು ನಮ್ಮ ಹರಿಹರದ ಹೊಳೆಯಲ್ಲ, ಧಾರವಾಡದ ರೇಡಿಯೋ ಕೇಂದ್ರದಲ್ಲಿ ಬಕೀಟಿನೊಳಗೆ ಕೈಯಾಡಿಸಿದ್ದು ಎಂದು ನಮ್ಮ ಯಜಮಾನರೇ ಹೇಳಿದ್ದರು, ಆದರೂ ಮೈ ಜುಮ್ಮೆನ್ನುತ್ತದೆ, ಇನ್ನೇನು ಅಂಬಿಗನ ಮಾತು, ಇವರ ಮಾತು. ಭಾನುವಾರದ ಮಧ್ಯಾಹ್ನ, ಸಾಹುಕಾರ ಬಕ್ಕೇಶಪ್ಪನವರ ಪಡಸಾಲೆ ತುಂಬ ಜನ, ನಾನು ಬಾಗಿಲ ಬದಿಗೆ, ನನ್ನ ಗಂಡ ಓಬಯ್ಯ ಮೆಟ್ಟಿಲ ಮೇಲೆ, ನಾಟಕ ಬಿಟ್ಟ ಮೇಲೆ ಸಾಹುಕಾರರ ಹತ್ತಿ ಅಂಗಡಿಯ ಆಳು, ಧಾರವಾಡಕ್ಕೆ ಯಾಕೆ ಹೋಗಿದ್ದು ಎಂದು ಯಾರಿಗೂ ಹೇಳಿಲ್ಲ. ರೇಡಿಯೋದವರಿಗೆ ಕಾಗದ ಬರೆಸಿದ್ದು ನಾನು, ಅಲ್ಲಿ ಮುಖ ಕಾಣುವುದಿಲ್ಲವಲ್ಲ. ದಾವಣಗೆರೆಯ ಕಂಪನಿ ನಾಟಕದಲ್ಲಿ ಹದಿನೆಂಟು ವರ್ಷ ದೂತ, ದ್ವಾರಪಾಲಕ, ಒಮ್ಮೊಮ್ಮೆ ಹೆಣ — ಸಿಡುಬಿನ ಮುಖಕ್ಕೆ ಕಿರೀಟ ಒಪ್ಪಂಗಿಲ್ಲ ಓಬಯ್ಯ, ಎನ್ನುತ್ತಿದ್ದರು ಮಾಲೀಕ ಕರಿಬಸವರಾಜರು, ಇವರು ನಕ್ಕು ಈಟಿ ಹಿಡಿಯುತ್ತಿದ್ದರು. ಐವತ್ತೊಂದನೇ ಇಸವಿಯಲ್ಲಿ ರಾಜನ ಪಾತ್ರದವನಿಗೆ ಕಾಮಾಲೆಯಾಯಿತು, ಎಲ್ಲರ ಮಾತೂ ಬಾಯಿಪಾಠವಿದ್ದವರು ಇವರೊಬ್ಬರೇ, ಕಿರೀಟ ಇಟ್ಟುಕೊಂಡು ನಿಂತರು, ಇಳೀಲೇ, ಈಟಿ ಹಿಡ್ಕ ಹೋಗು ಎಂದು ಚಾಪೆಯ ಮೇಲೆ ಕೂತ ಜನ ಸಿಳ್ಳೆ ಹಾಕುತ್ತಾರೆ, ನಾನು ಪರದೆಯ ಮರೆಯಲ್ಲಿ ಸೆರಗು ಕಚ್ಚಿ ನಿಂತಿದ್ದೇನೆ, ಇವರು ದನಿ ಏರಿಸಲಿಲ್ಲ, ಇಳಿಸಿದರು, ಮಗ ಸತ್ತ ಸುದ್ದಿ ಕೇಳಿದ ಅಪ್ಪ ಎಷ್ಟು ಮೆಲ್ಲಗೆ ಮಾತಾಡುತ್ತಾನೋ ಅಷ್ಟೇ ಮೆಲ್ಲಗೆ — ಸಿಳ್ಳೆ ನಿಂತಿತು, ಯಾರೋ ಬಿಕ್ಕಿದರು, ಎರಡು ವಾರ ಥೇಟರು ತುಂಬಿತು. ಮೂರನೇ ವಾರ ರಾಜ ಹಾಸಿಗೆ ಬಿಟ್ಟೆದ್ದು ಬಂದ, ಇವರೇ ಅವನ ತಲೆಗೆ ಕಿರೀಟವಿಟ್ಟರು. ಬ್ಯಾಸರ ಆಗ್ಲಿಲ್ವಾ ಎಂದು ಕೇಳಿದ್ದೆ. ಅವಂದು ಪಾತ್ರ, ನಾಗಿ, ನಾನು ಕಾಯ್ಕಂಡಿದ್ದೆ ಅಷ್ಟೆ, ಎಂದಿದ್ದರು.

ಬಂತು! ಹೆದರಬ್ಯಾಡ ತಾಯಿ, ಹೊಳಿ ತುಂಬೈತೆ ನಿಜ, ನಾನೂ ಅದೀನಲ್ಲ — ಅಷ್ಟೇ ಮಾತು, ಬಕ್ಕೇಶಪ್ಪನವರು ವಸ್ತ್ರದಿಂದ ಕಣ್ಣೊತ್ತಿಕೊಂಡರು, ಯಾರ ದನಿರೀ ಇದು, ನಮ್ಮಪ್ಪ ಮಾತಾಡ್ದಂಗಾತು, ಎಂದರು ಅವರ ಹೆಂಡತಿ ಗುರುಶಾಂತಮ್ಮ. ಇವರು ನನ್ನತ್ತ ನೋಡಿ ಬೇಡವೆಂದು ತಲೆಯಾಡಿಸಿದರು, ಹದಿನೆಂಟು ವರ್ಷ ಸುಮ್ಮನಿದ್ದೆ, ಇವತ್ತು ಇರಲಾರೆ, ನಮ್ಮನಿಯವರ ದನಿ ಅವ್ವಾರೆ, ಅಂದೇಬಿಟ್ಟೆ. ಎಲ್ಲರೂ ತಿರುಗಿದರು, ಸಾಹುಕಾರರು ಎದ್ದೇ ನಿಂತರು, ಓಬಯ್ಯನೋರೆ, ಬರ್ರಿ, ಮ್ಯಾಲೆ ಬಂದು ಕೂಡ್ರಿ — ನಿನ್ನೆಯವರೆಗೆ ಲೇ ಓಬ ಎನ್ನುತ್ತಿದ್ದ ಬಾಯಿ — ಇವರು ಏಳಲಿಲ್ಲ, ತಡೀರಿ ಸಾವ್ಕಾರ್ರೆ, ಈಗ ದೋಣ್ಯಾಗಿನ ಆ ಹುಡುಗಿ ಮಾತು, ಭಾಳ ಚೆಂದ ಆಡ್ಯಾಳ, ಕೇಳ್ರಿ, ಎಂದು ಬೆರಳೊಂದನ್ನು ಮೇಲೆತ್ತಿದರು, ಪಡಸಾಲೆಗೆ ಪಡಸಾಲೆಯೇ ರೇಡಿಯೋದತ್ತ ತಿರುಗಿತು, ಆ ಬೆರಳು, ಹತ್ತಿಯ ಎಳೆ ಅಂಟಿದ ಆ ಒಂದು ಬೆರಳು, ಮೇಲೆತ್ತಿದ ಬೆರಳು —