ಲೋಡರ್ ನಂಬರ್ ಒಂಬತ್ತು

ಕಂಟೇನರಿನ ಒಳಗೆ ಗಾಳಿಯೇ ಇಲ್ಲ. ಟೈಲ್ಸ್ ಪೆಟ್ಟಿಗೆ ಎತ್ತಲು ಬಗ್ಗಿದಾಗಲೆಲ್ಲ ಅನ್ಸಿಫನ ಬಲ ಮೊಣಕಾಲು ಕಟಕ್ಕೆನ್ನುತ್ತಿತ್ತು. ಉಳ್ಳಾಲದಿಂದ ಅವನನ್ನು ಗಲ್ಫಿನ ಜೆಬೆಲ್ ಅಲಿಯ ಈ ಗೋದಾಮಿಗೆ ಕರೆತಂದದ್ದು ಪೆಟ್ಟಿಗೆ ಹೊರಿಸಲಿಕ್ಕಲ್ಲ, ಕಂಪನಿಯ ಟೀಮಿನಲ್ಲಿ ಫುಟ್‌ಬಾಲ್ ಆಡಿಸಲಿಕ್ಕೆ. ವೀಸಾದಲ್ಲಿ ಮಾತ್ರ 'ಲೋಡರ್' ಎಂದು ಬರೆದಿತ್ತು. ಕಾಲು ಗಟ್ಟಿಯಿದ್ದಷ್ಟು ದಿನ ಗೇಟಿನಲ್ಲಿ ಕುಳಿತು ಪಾಸ್ ನೋಡುವ ಹಗುರ ಕೆಲಸ. ಎಂಟು ವರ್ಷ ಆಡಿದ, ಆರು ಟ್ರೋಫಿ ಗೆದ್ದುಕೊಟ್ಟ. ಕಳೆದ ವರ್ಷ ಮೊಣಕಾಲು ತಿರುಚಿತು ನೋಡಿ, ಮರುವಾರವೇ ಗೇಟಿನ ಕುರ್ಚಿ ಹೋಯಿತು. ಹೊಳೆ ದಾಟಿದ ಮೇಲೆ ಅಂಬಿಗನ ಹಂಗೇನು!

ಮದೀನತ್ ಜಾಯೆದ್‌ನ ಒಂದು ಕಂಪನಿ ಅವನನ್ನು ಕರೆದಿತ್ತು. ಸ್ಟೋರ್ ನೋಡಿಕೊಳ್ಳುವ ಕೆಲಸ, ಅವರ ಟೀಮಿಗೆ ಅರ್ಧ ಹೊತ್ತು ಆಡಿದರೆ ಸಾಕು. ಅಲ್ಲಿಗೆ ಹೋದರೆ ಕಾಲು ಉಳಿಯುತ್ತದೆ. ಆದರೆ ಕಂಪನಿಗಳ ಲೀಗಿನದೊಂದು ಕಟ್ಟಳೆ: ಹಳೆ ಕಂಪನಿ ಬಿಡುಗಡೆ ಪತ್ರ ಕೊಡದೆ ಆಟಗಾರ ಬೇರೆ ಜರ್ಸಿ ತೊಡುವಂತಿಲ್ಲ. ಮ್ಯಾನೇಜರ್ ಶಾಮಸುಂದರರು ಅವನನ್ನು ಆಡಿಸುತ್ತಲೂ ಇರಲಿಲ್ಲ, ಬಿಡುತ್ತಲೂ ಇರಲಿಲ್ಲ.

"ಒಂದು ಸೈನ್ ಅಲ್ವಾ ಸಾರ್," ಎಂದು ಅನ್ಸಿಫ್ ನಾಲ್ಕನೇ ಸಲ ಕೇಳಿದ.

"ಸೆಮಿಫೈನಲ್ ಒಂದು ಆಡು ಮಾರಾಯ. ಇಂಜೆಕ್ಷನ್ ಕೊಡಿಸ್ತೇನೆ. ಗೆಲ್ಲಿಸಿ ಕೊಡು, ಮರುದಿನ ಸೈನ್. ನಾನೂ ನಿನ್ನ ಊರಿನವನೇ ಅಲ್ವಾ?"

ಊರಿನವರು ಎಂಬ ಒಂದು ಮಾತಿಗೆ ನಮ್ಮವರು ಕುತ್ತಿಗೆ ಬೇಕಾದರೂ ಕೊಡುತ್ತಾರೆ. ಅನ್ಸಿಫ್ ಕಾಲು ಕೊಟ್ಟ. ಸೂಜಿ ಚುಚ್ಚಿಸಿಕೊಂಡು ಇಳಿದವನು ಎರಡು ಗೋಲು ಹೊಡೆದ.

ಮರುದಿನ ಶಾಮಸುಂದರರು ನಕ್ಕರು. "ಪತ್ರವಾ? ಎರಡು ಗೋಲು ಹೊಡೆದವನನ್ನು ಯಾರಾದ್ರೂ ಬಿಡ್ತಾರಾ? ಭಾನುವಾರ ಫೈನಲ್ ಉಂಟು."

"ಆಡದಿದ್ರೆ ಕೆಲಸಕ್ಕೆ ಬಾರದವ ಅಂತೀರಿ. ಆಡಿದ್ರೆ ಬಿಡುದಿಲ್ಲ ಅಂತೀರಿ. ನಾನು ಎಂತ ಮಾಡ್ಬೇಕು ಸಾರ್?"

"ಖಲಾಸ್. ಹೋಗಿ ಲೋಡ್ ಇಳಿಸು."

ಅನ್ಸಿಫ್ ಸಂಜೆಯವರೆಗೆ ಲೋಡ್ ಇಳಿಸಿದ. ಕೆಲಸಗಾರರ ಕ್ಯಾಂಪಿನ ತನ್ನ ಕೋಣೆಗೆ ಬಂದು, ಬಾತ ಮೊಣಕಾಲಿಗೆ ಐಸ್ ಕಟ್ಟಿಕೊಂಡು ಕುಳಿತ. ಟೀಮಿನವರೆಲ್ಲ ಆ ಕೋಣೆಯಲ್ಲೇ ಸೇರಿದರು.

"ಇವತ್ತ ನಿನ್ನ ಕಾಲು, ನಾಳೆ ನಂದು," ಎಂದ ಬಾಗಲಕೋಟೆಯ ಡಿಫೆಂಡರ್ ಹೊನ್ನಪ್ಪ. "ಕಾಲು ಇರೂ ತನಕ ಆಟಗಾರ, ಹ್ವಾದ ಮ್ಯಾಲೆ ಹಮಾಲ. ಇದೆಂಥಾ ನ್ಯಾಯಪಾ?"

"ನನ್ನ ವೀಸಾದಲ್ಲೂ ಲೋಡರ್ ಅಂತಲೇ ಉಂಟು," ಎಂದ ಗೋಲ್‌ಕೀಪರ್ ಆನ್ಸೆಲ್ಮ್ ಮೆಲ್ಲಗೆ.

ಹನ್ನೊಂದು ಮಂದಿಯ ವೀಸಾದಲ್ಲೂ ಅದೇ ಇತ್ತು. ಕೊನೆಗೆ ಹೊನ್ನಪ್ಪನೇ ಹೇಳಿದ, "ಹಂಗಾದ್ರ ಲೋಡರ್ ಆಗೇ ಹೋಗೂಣು ನಡೀರಿ."

ಭಾನುವಾರ ಕಂಪನಿಯ ಮಾಲೀಕರು ಅತಿಥಿಗಳೊಂದಿಗೆ ಮುಂದಿನ ಸಾಲಿನಲ್ಲಿ ಕುಳಿತಿದ್ದರು. ಹನ್ನೊಂದು ಮಂದಿ ಗೋದಾಮಿನ ನೀಲಿ ಕವರಾಲ್ ತೊಟ್ಟು ಮೈದಾನಕ್ಕೆ ಬಂದರು. ಮಡಿಸಿದ ಜರ್ಸಿಗಳನ್ನು ಶಾಮಸುಂದರರ ಮುಂದಿನ ಮೇಜಿನ ಮೇಲಿಟ್ಟರು. ಎಲ್ಲಕ್ಕೂ ಮೇಲೆ ಅನ್ಸಿಫನ ಒಂಬತ್ತನೇ ನಂಬರು.

"ಎಂತದಾ ಇದು! ಮಾಲೀಕರು ನೋಡ್ತಿದ್ದಾರೆ!" ಶಾಮಸುಂದರರು ಹಲ್ಲು ಕಚ್ಚಿ ಪಿಸುಗುಟ್ಟಿದರು. "ಜರ್ಸಿ ಹಾಕು. ಪತ್ರ ನಾಳೆ ಕೊಡ್ತೇನೆ."

"ನಾವು ಲೋಡರ್‌ಗಳು ಸಾರ್. ನೀವೇ ಮಾಡಿಸಿದ ಕಾಗದದಲ್ಲಿ ಉಂಟು. ಆಟ ನಮ್ಮ ಕೆಲಸ ಅಲ್ಲ," ಎಂದ ಅನ್ಸಿಫ್.

ರೆಫರಿ ಎರಡನೇ ಸಲ ಸೀಟಿ ಊದಿದ. ಅನ್ಸಿಫ್ ಕಾಲು ಚಾಚಿ ಹುಲ್ಲಿನ ಮೇಲೆ ಕುಳಿತುಬಿಟ್ಟ. ಅವನ ಪಕ್ಕದಲ್ಲಿ ಆನ್ಸೆಲ್ಮ್ ಕುಳಿತ, ಹೊನ್ನಪ್ಪ ಕುಳಿತ, ಉಳಿದವರೂ ಕುಳಿತರು.