ಲೆಕ್ಕಕ್ಕಿಲ್ಲದ ಐವತ್ತೆರಡು ದಿನ

ನಮ್ಮ ಕಚೇರಿಯ ಹೆಡ್‌ಗುಮಾಸ್ತನನ್ನು ಎದುರಿಗೆ ಬಹುವಚನದಲ್ಲಿ, ಮನಸ್ಸಿನಲ್ಲಿ ಏಕವಚನದಲ್ಲಿ ಕರೆಯುತ್ತ ಹದಿನೆಂಟು ವರ್ಷ ಕಳೆದಿದ್ದೇನೆ. ಇಲ್ಲಿ ಮನಸ್ಸಿನದೇ ನಡೆಯಲಿ.

ನನ್ನದು ನಗರಸಭೆಯ ಜನನ ಮರಣ ವಿಭಾಗ. ಹುಟ್ಟಿದವರನ್ನೂ ಸತ್ತವರನ್ನೂ ದಪ್ಪ ರಿಜಿಸ್ಟರಿನಲ್ಲಿ ಕೈಯಾರೆ ಬರೆದು, ಸಾಲಿನ ಕೊನೆಗೆ ಚಿಕ್ಕ ಸಹಿ ಹಾಕುವುದು ಕೆಲಸ. ಮೊದಲ ಹದಿಮೂರು ವರ್ಷ ಹಂಗಾಮಿಯಾಗಿದ್ದೆ. ಎಲ್ಲರೂ ಟೆಂಪರರಿ ಅಕ್ಕ ಎನ್ನುತ್ತಿದ್ದರು. ನಾನು ಖಾಯಂ ಆಗಿ ಐದು ವರ್ಷವಾದರೂ ಹೆಸರು ಬದಲಾಗಲಿಲ್ಲ. ನನಗಿಂತ ಮೊದಲು ಅದೇ ಖಾಯಂ ಆಗಿತ್ತು.

ಹಂಗಾಮಿಯವರನ್ನು ಎಂಬತ್ತೊಂಬತ್ತು ದಿನ ದುಡಿಸಿ, ತೊಂಬತ್ತನೆಯ ದಿನ ಕೆಲಸದಿಂದ ತೆಗೆದಂತೆ ಕಾಗದದಲ್ಲಿ ತೋರಿಸಿ, ಮರುದಿನ ಹೊಸದಾಗಿ ನೇಮಿಸಿಕೊಳ್ಳುವುದು ನಮ್ಮಲ್ಲಿನ ಪದ್ಧತಿ. ಸೇವೆ ಸತತವಾಗಿದೆ ಎಂದು ಯಾರೂ ಹಕ್ಕು ಕೇಳಬಾರದಲ್ಲ! ಆ ತೊಂಬತ್ತನೆಯ ದಿನವಾದರೂ ಹೆಡ್‌ಗುಮಾಸ್ತ ಮನೆಯಲ್ಲಿರಲು ಬಿಡುತ್ತಿದ್ದನೇ? ಹಾಜರಿ ಪುಸ್ತಕವನ್ನು ಡ್ರಾಯರಿನೊಳಗೆ ತಳ್ಳಿ, ಸಹಿ ಬೇಡ, ಕೆಲಸ ಮಾಡು ಅನ್ನುತ್ತಿದ್ದ. ನಾಳೆಯ ನೇಮಕದ ಕಾಗದ ಅವನ ಕೈಯಲ್ಲಿ. ನಾನು ಹಲ್ಲು ಕಚ್ಚಿಕೊಂಡು ಬರೆಯುತ್ತಿದ್ದೆ. ಹದಿಮೂರು ವರ್ಷದಲ್ಲಿ ಅಂಥ ದಿನಗಳು ಐವತ್ತೆರಡು.

ಈ ವರ್ಷ ವಿಭಾಗದ ಮೇಲ್ವಿಚಾರಕರ ಹುದ್ದೆ ಖಾಲಿಯಾಯಿತು. ಜ್ಯೇಷ್ಠತಾ ಪಟ್ಟಿಯಲ್ಲಿ ಮೊದಲಿದ್ದವರಿಗೆ ಬಡ್ತಿ. ನಿವೃತ್ತಿಗೆ ಎರಡೇ ವರ್ಷ ಉಳಿದಿದ್ದ ನನಗೆ ಅದೇ ಮೊದಲ ಅವಕಾಶ, ಅದೇ ಕೊನೆಯದು. ಗೋಡೆಗೆ ಅಂಟಿಸಿದ ಪಟ್ಟಿಯಲ್ಲಿ ನಾನು ಆರನೆಯವಳು. ಮೇಲಿದ್ದ ಐವರಿಗೂ ರಿಜಿಸ್ಟರಿನಲ್ಲಿ ಗೆರೆ ಹೊಡೆಯುವುದರಿಂದ ಎಲ್ಲ ಕಲಿಸಿದವಳು ನಾನೇ. ಹಂಗಾಮಿ ಸೇವೆ ಸತತವಾಗಿದ್ದರೆ ಮಾತ್ರ ಲೆಕ್ಕಕ್ಕೆ ಬರುತ್ತದೆ, ಈಕೆಯದು ಐವತ್ತೆರಡು ಸಲ ಮುರಿದಿದೆ ಎಂದು ಹೆಡ್‌ಗುಮಾಸ್ತ ಷರಾ ಬರೆದಿದ್ದ. ಪಟ್ಟಿಯಲ್ಲಿ ಮೊದಲನೆಯವಳು ಅವನ ನಾದಿನಿ. ಇನ್ನು ಕೇಳಬೇಕೇ?

ಇನ್ನೆರಡು ವರ್ಷ ತಣ್ಣಗೆ ಕಳೆದುಬಿಡು, ಯಾಕೆ ಅವರನ್ನು ಎದುರು ಹಾಕಿಕೊಳ್ಳುತ್ತೀ ಎಂದರು ನಮ್ಮವರು. ನಾನು ಆ ಮಾತಿಗೆ ಕಿವಿಗೊಡಲಿಲ್ಲ. ಹುದ್ದೆ ಬೇಕಿತ್ತು, ಸುಳ್ಳೇಕೆ ಹೇಳಲಿ. ಆದರೆ ಅದಕ್ಕಿಂತ ಹೆಚ್ಚಾಗಿ ಅವನ ನೀರಿಳಿಸಬೇಕಿತ್ತು.

ಆಕ್ಷೇಪಣೆಗೆ ಹದಿನೈದು ದಿನ ಗಡುವು. ದಿನಾ ಊಟ ಬಿಟ್ಟು ದಾಖಲೆ ಕೋಣೆಗೆ ಹೋಗಿ, ಧೂಳಿಗೆ ಸೀನುತ್ತ ಹಳೆಯ ರಿಜಿಸ್ಟರುಗಳನ್ನು ಇಳಿಸಿದೆ. ನಾನು ಕೆಲಸದಲ್ಲಿ ಇರಲೇ ಇಲ್ಲವೆನ್ನುವ ಐವತ್ತೆರಡು ದಿನವೂ ನನ್ನದೇ ಅಕ್ಷರ, ನನ್ನದೇ ಸಹಿ. ಅವುಗಳ ನಡುವೆ ಒಂದು ಪುಟ ಕಂಡು ನಿಂತಲ್ಲೇ ನಕ್ಕೆ. ಹೆಡ್‌ಗುಮಾಸ್ತನ ಮೊಮ್ಮಗಳ ಜನನ! ಅಂದು ಅವನೇ ಬಂದು, ನಿನ್ನ ಅಕ್ಷರ ದುಂಡಗಿದೆ, ನೀನೇ ಬರೆ ಎಂದು ಪಕ್ಕದಲ್ಲಿ ನಿಂತು ಬರೆಸಿದ್ದ. ಮಾಹಿತಿ ಕೊಟ್ಟವರ ಜಾಗದಲ್ಲಿ ಅವನ ಸಹಿ ಠಾಕುಠೀಕಾಗಿ ಕೂತಿತ್ತು.

ವಿಚಾರಣೆಯ ದಿನ ಆಯುಕ್ತರ ಕೋಣೆಯಲ್ಲಿ ನಾವು ಮೂವರೇ. ಆ ಅಕ್ಷರವೂ ಸಹಿಯೂ ಈಕೆಯದಲ್ಲ, ಇವಳ ಹತ್ತಿರ ಕಲಿತವರೆಲ್ಲ ಹೀಗೇ ಬರೆಯುತ್ತಾರೆ ಎಂದ ಅವನು, ಕಣ್ಣು ಮಿಟುಕಿಸದೆ. ನಾನು ವಾದ ಮಾಡಲಿಲ್ಲ. ಮೊಮ್ಮಗಳ ಪುಟ ತೆರೆದು ಆಯುಕ್ತರ ಮುಂದಿಟ್ಟೆ.

ಅವರು ಓದಿದರು. ಅಕ್ಷರ ಯಾರದೆಂದು ಗೊತ್ತಿಲ್ಲವಾದರೆ ನಮೂದನ್ನು ರದ್ದು ಮಾಡಿ ತನಿಖೆಗೆ ಕಳಿಸಬೇಕಾಗುತ್ತದೆ, ಮಾಹಿತಿ ಕೊಟ್ಟು ಸಹಿ ಹಾಕಿದವರನ್ನೂ ಕೇಳಬೇಕಾಗುತ್ತದೆ ಎಂದರು. ಆಮೇಲೆ ಅವನ ಕಡೆ ತಿರುಗಿ, "ಈಗ ಹೇಳಿ, ಅವತ್ತು ಇವರು ಕೆಲಸಕ್ಕೆ ಬಂದಿದ್ರಾ?" ಎಂದು ಕೇಳಿದರು.

ಅವನ ಮುಖ ಹುಳ್ಳಗಾಯಿತು. "ಬಂದಿದ್ರು ಸಾರ್" ಎಂದ. ಉಳಿದ ದಿನಗಳು? ಅವೂ ಅಷ್ಟೇ ಎಂದು ಗೊಣಗಿದ. ನನಗೆ ಅವನ ಬಾಯಿಂದ ಬಹುವಚನ ಬಂದದ್ದು ಅದೇ ಮೊದಲು.

ಇವರಿಂದ ಒಂದು ಸಾಲಿನ ಹೇಳಿಕೆ ಸಾಕು, ಪಟ್ಟಿಯಲ್ಲಿ ನಿಮ್ಮನ್ನು ಮೊದಲಿಗೆ ತರುತ್ತೇನೆ ಎಂದರು ಆಯುಕ್ತರು. ನನಗೆ ಸಾಲಲಿಲ್ಲ. ಒಂದೊಂದು ದಿನವೂ ಬೇರೆ ಬೇರೆ ಸಾಲಿನಲ್ಲಿ, ಅವನದೇ ಕೈಯಲ್ಲಿ ಬೇಕು ಎಂದು ಕೇಳಿದೆ. ಅವರು ಆಗಲಿ ಎಂದರು.

ನನ್ನ ಮೇಜಿನ ಎದುರು, ಜನ ಬಂದು ಕೂರುವ ಮುರುಕು ಸ್ಟೂಲಿನ ಮೇಲೆ ಅವನನ್ನು ಕೂರಿಸಿದೆ. ನಾನು ತಾರೀಖು ಓದುವುದು, ಅವನು ಬರೆಯುವುದು. ನಾದಿನಿ ತಲೆ ಬಗ್ಗಿಸಿ ಅದೇ ಫೈಲನ್ನು ಮೂರು ಸಲ ಕಟ್ಟಿದಳು. ಖುಷಿಯಾಯಿತೇ ಎಂದರೆ, ಆಯಿತು. ಮೂವತ್ತೊಂದನೆಯ ದಿನದ ತಾರೀಖು ಓದಿದಾಗ ಅವನು ಪೆನ್ನು ಕೆಳಗಿಟ್ಟು ಬೆರಳು ಹಿಸುಕಿಕೊಂಡ.

"ಉಳಿದಿದ್ದಕ್ಕೆ ಇತ್ಯಾದಿ ಅಂತ ಹಾಕಿದ್ರೆ ಆಗಲ್ವಾ?"

"ಇದು ನಮ್ಮಮ್ಮ ತೀರಿಕೊಂಡ ದಿನ" ಎಂದೆ.

ಅಂದು ಹನ್ನೊಂದಕ್ಕೆ ಆಸ್ಪತ್ರೆಯಿಂದ ಫೋನು ಬಂದಿತ್ತು. ಹೋಗಿಬರಲೇ ಎಂದು ಕೇಳಿದ್ದಕ್ಕೆ, ಅರ್ಜಿಯ ಕಟ್ಟು ತೋರಿಸಿ, ಮುಗಿಸಿ ಹೋಗು, ನಾಳೆ ನೇಮಕ ಬೇಡವೇ ಎಂದಿದ್ದ. ಮುಗಿಸಿ ಓಡುವಷ್ಟರಲ್ಲಿ ಅಮ್ಮನಿಗೆ ಬಟ್ಟೆ ಹೊದಿಸಿದ್ದರು. ಮರುದಿನ ಬಂದು ಸಹಿ ಹಾಕದಿದ್ದರೆ ಕೆಲಸವೇ ಹೋಗುತ್ತಿತ್ತು. ಬಂದೆ. ಹೊಸ ನೇಮಕದಲ್ಲಿ ನಾನು ಬರೆದ ಮೊದಲ ಸಾಲು ಅಮ್ಮನ ಹೆಸರು.

ಅವನು ಏನೋ ಹೇಳಲು ಬಾಯಿ ತೆರೆದ. ನಾನು ಪೆನ್ನನ್ನು ಅವನ ಕಡೆ ಸರಿಸಿದೆ.

"ಬರೀರಿ. ಅವತ್ತು ನಾನು ಇಲ್ಲೇ ಇದ್ದೆ ಅಂತ ಬರೀರಿ."

ಬರೆದ. ನಾನು ಮೂವತ್ತೆರಡನೆಯ ದಿನದ ತಾರೀಖು ಓದಿದೆ.