ಮೊದಲ ಧಾರೆ

ಕಿಟಕಿಯ ಗಾಜಿಗೆ ಹಬೆ ಕಟ್ಟಿದೆ, ಹಬೆಯಲ್ಲಿ ಯಾರದೋ ಬೆರಳು ಒರೆಸಿದ ಒಂದು ಗುಂಡು ಜಾಗ, ನನ್ನದೇ ಬೆರಳಿರಬೇಕು, ಆ ಗುಂಡಿನೊಳಗೆ ಬೆಟ್ಟ ಬಂದು ಬಂದು ಹೋಗುತ್ತದೆ, ಬಂದಾಗ ನೀಲಿ, ಹೋದಾಗ ಬಿಳಿ, ಈಗ ಎದ್ದು ಮೈಕು ಹಿಡಿಯಬೇಕು, ಎಡಗಡೆ ನೋಡಿ ಅನ್ನಬೇಕು, ಎಡವೋ ಬಲವೋ — ಪ್ರವಾಸಿಗರ ಕಡೆ ಮುಖ ಮಾಡಿ ನಿಂತರೆ ನನ್ನ ಎಡ ಅವರ ಬಲ, ಸಂಜೆ ತರಗತಿಯ ಮೇಷ್ಟ್ರು ಇದನ್ನೇ ಎಷ್ಟು ಸಲ ತಿದ್ದಿದರು, ಮಾರ್ಗದರ್ಶಿಯ ವಾಕ್ಯ ಬೆಟ್ಟಕ್ಕಿಂತ ಮೊದಲು ಮುಗೀಬೇಕಮ್ಮಾ, ಬೆಟ್ಟ ದಾಟಿದ ಮೇಲೆ ಕ್ರಿಯಾಪದ ತಂದು ಏನು ಮಾಡ್ತೀಯ, ಎಲ್ಲರೂ ನಕ್ಕಿದ್ದರು, ನಾನೂ ನಕ್ಕೆ, ಮನೆಗೆ ಹೋಗಿ ಪಾತ್ರೆ ತೊಳೆಯುತ್ತಾ ವಾಕ್ಯಗಳನ್ನು ಗಿಡ್ಡ ಮಾಡಿಕೊಂಡೆ, ಎಡಕ್ಕೆ ಬೆಟ್ಟ, ಮುಂದೆ ಜಲಪಾತ, ಆಮೇಲೆ ದೋಣಿ, ಮಧ್ಯಾಹ್ನ ಭಟ್ಟಿಮನೆ, ಅಲ್ಲಿ ಕಾಡುಹಣ್ಣಿನ ಸಾರಾಯಿಯ ರುಚಿ — ಡ್ರೈವರ್ ಕನ್ನಡಿಯಲ್ಲಿ ಹುಬ್ಬು ಹಾರಿಸುತ್ತಾನೆ, ಅಕ್ಕಾ, ಹಿಂದೆ ಯಾರೋ ಕಿತ್ತಳೆ ಸುಲೀತಿದ್ದಾರೆ, ಬಸ್ಸೆಲ್ಲಾ ಘಮ್ ಅಂತಿದೆ ಅಲ್ವಾ, ಹೌದು ಹೌದು ಅನ್ನುತ್ತೇನೆ, ಒಂದು ಹೌದು ಸಾಕಿತ್ತು, ಎರಡು ಅಂದರೆ ಅನುಮಾನ ಬರುತ್ತದೆ, ಕಿತ್ತಳೆ — ಸಿಪ್ಪೆ ಹಿಂಡಿದರೆ ಕಣ್ಣಿಗೆ ಹಾರುವ ಹನಿ ನೆನಪಿದೆ, ಉರಿ ನೆನಪಿದೆ, ಘಮ ಮಾತ್ರ ಬರೀ ಹೆಸರಾಗಿ ಉಳಿದಿದೆ, ಮನೆ ಖಾಲಿ ಮಾಡಿ ಹೋದವರ ಬಾಗಿಲಿನ ಫಲಕದ ಹಾಗೆ.

ಚಳಿಗಾಲದ ಜ್ವರ ಬಿಟ್ಟಿತು, ಬಿಟ್ಟು ಹೋಗುವಾಗ ಮೂಗನ್ನೂ ಜೊತೆಗೆ ಕರೆದುಕೊಂಡು ಹೋಯಿತು, ಮುಖದ ಮೇಲೆ ಈಗ ಇರುವುದು ಕನ್ನಡಕ ಕೂರಿಸಲು ಒಂದು ಗೂಟ, ಡಾಕ್ಟರು ದೀಪ ಹಾಕಿ ಒಳಗೆ ಇಣುಕಿ ಬರುತ್ತೆ ಬರುತ್ತೆ ಅಂದರು, ಕೈ ತೊಳೆಯುತ್ತಾ ಬರದೇನೂ ಇರಬಹುದು ಅಂದರು, ಯಾರಿಗೂ ಹೇಳಲಿಲ್ಲ, ಮನೆಯವರಿಗೂ ಇಲ್ಲ, ಹಾಲು ಸೀದು ಬೀದಿಗೆಲ್ಲ ಗೊತ್ತಾಯ್ತು, ಒಲೆ ಮುಂದೆ ನಿಂತಿರೋ ನಿನಗೆ ಗೊತ್ತಾಗಲಿಲ್ವಾ ಅಂದರು, ಏನೋ ಯೋಚನೇಲಿದ್ದೆ ಅಂದೆ, ಹೇಗೆ ಹೇಳಲಿ, ಇದೇ ಬಸ್ಸಿನ ಬೆನ್ನಿಗೆ ನನ್ನ ಚಿತ್ರ ಅಂಟಿಸಿದ್ದಾರೆ, ಕೈಯಲ್ಲಿ ಪುಟ್ಟ ಗ್ಲಾಸು, ಕಣ್ಣು ಮುಚ್ಚಿ ಮೂಸುತ್ತಿರುವ ನಾನು, ಕೆಳಗೆ ಮೂಗಿನಕ್ಕನ ಜೊತೆ ಒಂದು ದಿನ ಎಂದು ದಪ್ಪ ಅಕ್ಷರ, ಬಸ್ಸಿನ ಯಜಮಾನರು ಬಹಳ ಯೋಚಿಸಿ ಇಟ್ಟ ಹೆಸರು, ಬೇರೆಯವರು ಬೆಟ್ಟ ತೋರಿಸ್ತಾರೆ ಕಣಮ್ಮ, ವಾಸನೆ ಹೇಳೋರು ಯಾರಿದ್ದಾರೆ, ನಿನ್ನ ಮೂಗೇ ನಮ್ಮ ಬಂಡವಾಳ, ಕುಂಬಳಕಾಯಿ ಗಾತ್ರದ ಆ ಮೂಗು ದಾರಿಯುದ್ದಕ್ಕೂ ಹಿಂದಿನ ಗಾಡಿಗಳನ್ನೆಲ್ಲ ಮೂಸುತ್ತಾ ಬರುತ್ತದೆ, ಇಲ್ಲಿ ಒಳಗೆ ಕೂತ ನಿಜವಾದದ್ದಕ್ಕೆ ಕಿತ್ತಳೆಯೂ ಗೊತ್ತಿಲ್ಲ. ಆದರೂ ಬೆಳಗ್ಗೆಯದು — ಅದನ್ನು ನೆನೆಯಬಾರದು ಅಂದುಕೊಂಡೇ ಮನೆ ಬಿಟ್ಟಿದ್ದೆ — ಮಗಳು ಮಗುವಿನ ಟೋಪಿ ತೆಗೆದು ನನ್ನ ಮುಖದ ಹತ್ತಿರ ತಂದಳು, ಅಮ್ಮಾ ಮೂಸು ಒಂದ್ಸಲ, ತಲೆ ಎಷ್ಟು ಚೆನ್ನಾಗಿದೆ ನೋಡು, ಬಗ್ಗಿದೆ, ಕೂದಲು ಮೂಗಿಗೆ ತಾಗಿತು, ಅದರ ಕೆಳಗೆ ಮೂಳೆ ಇನ್ನೂ ಕೂಡದ ಮೆತ್ತನೆಯ ಜಾಗ, ನೆತ್ತಿ, ಮಿಡಿಯುತ್ತಿತ್ತು, ಏಳುತ್ತಿತ್ತು ಇಳಿಯುತ್ತಿತ್ತು, ಒಳಗಿಂದ ಯಾರೋ ಮೆಲ್ಲಗೆ ತಟ್ಟಿದ ಹಾಗೆ, ಹಾಲಿನ ವಾಸನೆ ಅಂದೆ, ಮಕ್ಕಳೆಂದರೆ ಹಾಲು ತಾನೇ, ಮಗಳು ನನ್ನನ್ನೇ ನೋಡಿದಳು, ಟೋಪಿ ಹಾಕಿದಳು.

ಜಲಪಾತ ಬಂದಿದೆ, ಇಳಿಯಿರಿ, ಕಲ್ಲು ಜಾರುತ್ತೆ, ಚಪ್ಪಲಿ ಕೈಯಲ್ಲಿ ಹಿಡ್ಕೊಳ್ಳಿ, ನೀರು ಮೇಲಿಂದ ಬೀಳುತ್ತಿದೆಯೋ ಕೆಳಗಿಂದ ಎದ್ದು ಹೊಗೆಯಾಗುತ್ತಿದೆಯೋ ಹೇಳುವುದು ಕಷ್ಟ, ಬಿಳುಪು ಬಿಳುಪಿನೊಳಗೆ ಕರಗುತ್ತದೆ, ಹೊಸದಾಗಿ ಮದುವೆಯಾದ ಜೋಡಿ ಒಂದೇ ಕೊಡೆಯೊಳಗೆ ಎರಡು ತಲೆ ತೂರಿಸಿಕೊಂಡಿದೆ, ಗಡಿಯಾರ ರಿಪೇರಿ ಅಂಗಡಿ ಮುಚ್ಚಿ ಮೊನ್ನೆ ಮೊನ್ನೆ ನಿವೃತ್ತರಾದ ಹಿರಿಯರು ನೀರನ್ನು ದಿಟ್ಟಿಸಿ ಇದಕ್ಕೆ ಕೀಲಿ ಕೊಟ್ಟವನು ಯಾರಮ್ಮಾ, ನಿಲ್ಲೋದೇ ಇಲ್ವಲ್ಲ ಅನ್ನುತ್ತಾರೆ, ಅವರ ಹೆಂಡತಿ ಕೈಚೀಲ ಎದೆಗೊತ್ತಿಕೊಂಡು, ನಿಮ್ಮ ಬಾಯಿಗೆ ಕೀಲಿ ಕೊಟ್ಟವರೇ ಇದಕ್ಕೂ ಕೊಟ್ಟಿರಬೇಕು, ಎಲ್ಲರೂ ನಗುತ್ತಾರೆ, ಮದುಮಗಳು ಕಣ್ಣು ಮುಚ್ಚಿ ಉಸಿರೆಳೆದು ಅಕ್ಕಾ ಇದೇನು ವಾಸನೆ, ಪಾಚಿಯಾ, ನಾನು ತಕ್ಷಣ — ಒದ್ದೆ ಕಲ್ಲು, ಪಾಚಿ, ಸ್ವಲ್ಪ ಕಬ್ಬಿಣ, ಹಾಂ ಕಬ್ಬಿಣ ಎಂದು ಅವಳು ತಲೆಯಾಡಿಸುತ್ತಾಳೆ, ಹೋದ ವರ್ಷ ಮೂಗಿದ್ದಾಗ ಕಂಠಪಾಠ ಮಾಡಿಕೊಂಡ ಮಾತು, ಗಿಣಿಗೂ ನನಗೂ ಏನು ವ್ಯತ್ಯಾಸ, ಗಿಣಿಗೆ ಹಸಿರು ಬಣ್ಣವಾದರೂ ಇದೆ, ಕೆಳಗೆ ಮಡುವಿನಲ್ಲಿ ನೀರು ಏಳುತ್ತದೆ ಇಳಿಯುತ್ತದೆ, ನೆತ್ತಿಯ ಹಾಗೆ, ಅತ್ತ ನೋಡಬಾರದು. ದೋಣಿ ಹತ್ತಿದ ಮೇಲೆ ಯಾರೂ ಮಾತಾಡುವುದಿಲ್ಲ, ಕೆರೆಯ ಮೇಲೆ ಮಂಜು ಎಷ್ಟು ಕೆಳಗಿದೆಯೆಂದರೆ ಕೈ ಎತ್ತಿದರೆ ಬೆರಳು ಕಾಣುವುದಿಲ್ಲ, ಹುಟ್ಟು ನೀರಿಗಿಳಿಯುವ ಸದ್ದು, ಎತ್ತಿದಾಗ ಹನಿಯ ಸದ್ದು, ದೋಣಿ ಹೋಗುತ್ತಿದೆಯೋ ದಡ ಹೋಗುತ್ತಿದೆಯೋ, ನಿದ್ದೆಯಲ್ಲಿ ನಡೆಯುವವಳ ಹಾಗೆ ನಾನು ಹಳೆಯ ವಾಸನೆಗಳ ಒಂದೊಂದೇ ಬಾಗಿಲು ತಟ್ಟುತ್ತೇನೆ, ಅಮ್ಮನ ದಿಂಬು ಇದ್ದೀಯಾ, ಬಟ್ಟೆ ಸೋಪು ಇದ್ದೀಯಾ, ಸಂಜೆ ತರಗತಿಯ ಸುಣ್ಣದ ಗೋಡೆ, ಸೀಮೆಎಣ್ಣೆ, ಹೊಸ ಪುಸ್ತಕ, ಮನೆಯವರು ಕೆಲಸದಿಂದ ಬಂದು ಗೂಟಕ್ಕೆ ಹಾಕುವ ಅಂಗಿ, ಎಲ್ಲ ಮನೆಯಲ್ಲೂ ದೀಪ ಉರಿಯುತ್ತಿದೆ, ಯಾರೂ ಓಗೊಡುವುದಿಲ್ಲ, ಕೊನೆಯ ಬಾಗಿಲು ಎಲ್ಲಕ್ಕಿಂತ ಚಿಕ್ಕದು, ಅದರ ಹಿಂದೆ ಮೆಲ್ಲಗೆ ತಟ್ಟುವ ಸದ್ದು, ಆ ಬಾಗಿಲನ್ನು ನಾನು ಜ್ವರಕ್ಕೆ ಮೊದಲೂ ತೆರೆದವಳಲ್ಲ, ಮಗು ಹುಟ್ಟಿದ್ದೇ ಆಮೇಲೆ, ಅದು ಮರೆತ ವಾಸನೆಯಲ್ಲ, ಸಿಕ್ಕೇ ಇಲ್ಲದ ವಾಸನೆ, ಅದಕ್ಕೆ ನನ್ನ ಬಳಿ ಕಂಠಪಾಠವೂ ಇಲ್ಲ.

ಭಟ್ಟಿಮನೆಯ ಬಾಗಿಲು ತಗ್ಗು, ತಲೆ ಜೋಪಾನ, ಒಳಗೆ ಕತ್ತಲು ಬೆಚ್ಚಗಿದೆ, ತಾಮ್ರದ ಹಂಡೆ ಕೆಂಪಗೆ ಹೊಳೆಯುತ್ತಿದೆ, ಹಂಡೆಯಲ್ಲಿ ಹುಳಿ ಬಂದ ಕಾಡುಹಣ್ಣು ಕುದಿಯುತ್ತೆ, ಹಬೆ ಈ ಕೊಳವೆಯಲ್ಲಿ ಬರುತ್ತೆ, ತಣ್ಣೀರಿನ ತೊಟ್ಟಿ ದಾಟುವಾಗ ಮತ್ತೆ ನೀರಾಗುತ್ತೆ, ಇಲ್ಲಿ ತೊಟ್ಟಿಕ್ಕುತ್ತೆ ನೋಡಿ, ಕೊಳವೆಯ ತುಟಿಯಲ್ಲಿ ಒಂದು ಹನಿ ದಪ್ಪವಾಗುತ್ತದೆ, ನಡುಗುತ್ತದೆ, ಬೀಳುವುದಿಲ್ಲ, ಬೀಳುತ್ತದೆ, ಮೊದಲು ಬರುವ ಧಾರೆ ಕುಡಿಯೋಕಲ್ಲ, ಅದು ವಿಷ, ಕಿಟಕಿ ಒರೆಸೋಕೆ ಎತ್ತಿಡ್ತಾರೆ, ನಡುವಿನದು ಮಾತ್ರ ಗ್ಲಾಸಿಗೆ, ಎಲ್ಲಿ ಒಂದು ಮುಗಿದು ಇನ್ನೊಂದು ಶುರುವಾಗುತ್ತೆ ಅಂತ ಮೂಗೇ ಹೇಳಬೇಕು, ಇಷ್ಟು ಹೇಳುವಷ್ಟರಲ್ಲಿ ಭಟ್ಟಿಯಣ್ಣ ಹಿಂದಿನ ಬಾಗಿಲಿಂದ ಬಂದ, ಕುತ್ತಿಗೆಗೆ ಮಫ್ಲರು, ಕಣ್ಣು ಕೆಂಪು, ಒಂದು ಸೀನಿಗೆ ಗ್ಲಾಸುಗಳೆಲ್ಲ ಕಿಣಿಕಿಣಿ, ನೆಗಡಿ ಅಕ್ಕಾ, ಮೂರು ದಿನದಿಂದ ಮೂಗು ಬಂದ್, ಹದವೆಲ್ಲ ನನ್ನವಳೇ ನೋಡಿದ್ಲು, ಎರಡು ಜಾಡಿ ತುಂಬಿಸಿ, ಮೊದಲ ಧಾರೆಯ ಜಾಡಿಗೆ ಕೆಂಪು ದಾರ ಕಟ್ಟಿ ತವರಿಗೆ ಹೋದ್ಲು, ನಾನು ಬೆಳಗ್ಗೆ ನೀವು ಬರ್ತೀರಂತ ಜಾಡಿ ಎರಡನ್ನೂ ತೊಳೆದು ಹೊಳೆಯಿಸಿ ಇಟ್ಟೆ, ದಾರ ಒದ್ದೆಯಾಯ್ತಲ್ಲ ಅಂತ ಬಿಚ್ಚಿ ಒಣಗಹಾಕಿದೆ — ಅವನು ತನ್ನ ತಲೆಗೆ ತಾನೇ ಮೊಟಕಿಕೊಂಡ — ಈಗ ಯಾವುದು ಯಾವುದು ಅಂತ ಗೊತ್ತಾಗ್ತಿಲ್ಲ, ಪರವಾಗಿಲ್ಲ, ನೀವು ಬಂದ್ರಲ್ಲ, ನಿಮ್ಮ ಮೂಗಿಗೆ ಇದ್ಯಾವ ಲೆಕ್ಕ. ಮೇಜಿನ ಮೇಲೆ ಎರಡು ಗಾಜಿನ ಜಾಡಿ, ಎರಡೂ ನೀರಿನಷ್ಟೇ ತಿಳಿ, ಗಡಿಯಾರದ ಹಿರಿಯರು ಕೈಯುಜ್ಜಿಕೊಂಡು, ಬಸ್ಸಿನ ಹಿಂದೆ ನೋಡಿದ್ದನ್ನ ಈಗ ಮುಂದೆ ನೋಡೋಣ ಕಣಮ್ಮಾ, ಎಲ್ಲರ ಕೈಯಲ್ಲೂ ಪುಟ್ಟ ಗ್ಲಾಸು, ಖಾಲಿ, ಹಕ್ಕಿಮರಿಗಳ ಬಾಯಿಯ ಹಾಗೆ ನನ್ನ ಕಡೆ ತೆರೆದುಕೊಂಡಿವೆ.

ಎಡಗಡೆಯ ಜಾಡಿಯ ಮುಚ್ಚಳ ತೆಗೆದು ಬಗ್ಗುತ್ತೇನೆ, ಏನಿಲ್ಲ, ಮೂಗಿನ ಒಳಗೋಡೆ ಚುರುಚುರು ಅನ್ನುತ್ತದೆ ಅಷ್ಟೇ, ಬಲಗಡೆಯದು, ಅದೂ ಚುರುಚುರು, ಮತ್ತೆ ಎಡ, ಮತ್ತೆ ಬಲ, ನನ್ನ ಎಡ ಅವರ ಬಲ, ಬೆವರು ಕನ್ನಡಕದ ಕೆಳಗೆ ಇಳಿಯುತ್ತಿದೆ, ಡಾಕ್ಟರು ಕೈ ತೊಳೆಯುತ್ತಿದ್ದಾರೆ, ಯಜಮಾನರು ನಿನ್ನ ಮೂಗೇ ನಮ್ಮ ಬಂಡವಾಳ ಅನ್ನುತ್ತಿದ್ದಾರೆ, ಮುಂದಿನ ತಿಂಗಳಿಂದ ದೊಡ್ಡ ಬಸ್ಸು ನಿನಗೇ ಅಂದಿದ್ದಾರೆ, ಎರಡರಲ್ಲಿ ಒಂದು, ಸುಮ್ಮನೆ ಒಂದನ್ನು ತೋರಿಸಿದರೆ ಅರ್ಧದಷ್ಟು ಸರಿ, ಶಾಲೆಯ ಪರೀಕ್ಷೆಯಲ್ಲಿ ಹಾಗೆಯೇ ಪಾಸಾಗಿಲ್ಲವೇ, ಎಡಗಡೆಯದನ್ನು ಮತ್ತೆ ಎತ್ತಿದ್ದೇನೆ, ಬಾಯಿ ತಾನಾಗಿ ಹೇಳುತ್ತಿದೆ, ಮೊದಲು ಹಣ್ಣು, ಆಮೇಲೆ ಮಳೆ ಬಿದ್ದ ಕಲ್ಲು, ಕೊನೆಗೆ ಕರಗಿದ ಸಕ್ಕರೆ — ಮೇಜಿನ ಆ ತುದಿಯಿಂದ ಹಿರಿಯರು ಹೌದ್ಹೌದು, ಹಣ್ಣು, ಇಲ್ಲೀವರೆಗೂ ಬಂತು ನೋಡಿ, ಮದುಮಗಳು ಕಣ್ಣು ಮುಚ್ಚಿ ಕಲ್ಲು, ಹಾಂ, ಕಲ್ಲು, ಅವಳ ಗಂಡ ಸಕ್ಕರೆ ಅನ್ನುತ್ತಾನೆ, ಜಾಡಿ ಇನ್ನೂ ನನ್ನ ಕೈಯಲ್ಲೇ ಇದೆ, ಅವರು ಯಾರೂ ಮೂಸಿಯೇ ಇಲ್ಲ. ಇಷ್ಟು ತಿಂಗಳೂ ಹೀಗೆಯೇ, ನಾನು ಹೇಳಿದ್ದೇ ಅವರಿಗೆ ವಾಸನೆ, ವಿಷ ಸುರಿದು ಹಣ್ಣು ಅಂದರೂ ಹಣ್ಣು ಅನ್ನುತ್ತಾರೆ, ನಂಬಿ ಎತ್ತುತ್ತಾರೆ, ಹಿರಿಯರ ಹೆಂಡತಿ ಆಗಲೇ ಗ್ಲಾಸು ಮುಂದೆ ಚಾಚಿದ್ದಾರೆ, ಕೈ ಸ್ವಲ್ಪ ನಡುಗುತ್ತಿದೆ, ನನ್ನ ತಾಯಿಯ ವಯಸ್ಸು, ಕೊಳವೆಯ ತುಟಿಯಲ್ಲಿ ಹನಿ ದಪ್ಪವಾಗುತ್ತಿದೆ, ನಡುಗುತ್ತಿದೆ, ಏಳುತ್ತದೆ ಇಳಿಯುತ್ತದೆ, ಬೀಳುವುದಿಲ್ಲ — ಗ್ಲಾಸು ಕೆಳಗಿಡಿ ಅಂದೆ. ನನಗೆ ವಾಸನೆ ಬರೋದಿಲ್ಲ ಅಂದೆ. ಚಳಿಗಾಲದಿಂದ ಬರ್ತಿಲ್ಲ.

ವಾಕ್ಯ ಗಿಡ್ಡವಾಗಿಯೇ ಇತ್ತು, ಬೆಟ್ಟಕ್ಕಿಂತ ಮೊದಲೇ ಮುಗಿಯಿತು. ಹನಿ ಬಿದ್ದ ಸದ್ದು ಕೇಳಿತು, ಭಟ್ಟಿಯಣ್ಣ ಬಾಯಿ ತೆರೆದವನು ಮುಚ್ಚಲಿಲ್ಲ, ಮದುಮಗಳು ಅಂದಳು ಹಾಗಾದ್ರೆ ಆ ಕಬ್ಬಿಣ, ಅದು ಹೋದ ವರ್ಷದ್ದು ಅಂದೆ, ಹಿರಿಯರು ಗಂಟಲು ಸರಿಮಾಡಿಕೊಂಡು, ನಾನು ನಲವತ್ತು ವರ್ಷ ಕೈಗೆ ನಿಂತ ಗಡಿಯಾರ ಕಟ್ಟಿಕೊಂಡು ಅಂಗಡೀಲಿ ಕೂತಿದ್ದೆ ಕಣಮ್ಮಾ, ಗಿರಾಕಿಗಳು ಯಾರೂ ನನ್ನನ್ನ ಟೈಮ್ ಕೇಳ್ತಿರಲಿಲ್ಲ, ತಾವೇ ಗೋಡೆ ನೋಡ್ಕೊಳ್ತಿದ್ರು, ತಾವೇ ಮೂಸಿ ನೋಡೋಕೆ ನಮಗೂ ಬುದ್ಧಿ ಬೇಡ್ವಾ, ಅವರ ಹೆಂಡತಿ ಅಷ್ಟರಲ್ಲಿ ನನ್ನ ಕೈಯಿಂದ ಜಾಡಿ ತೆಗೆದುಕೊಂಡು ಮೂಗಿಗೆ ಹಿಡಿದರು, ಥೂ, ಇದೇನಿದು, ಉಗುರಿನ ಬಣ್ಣ ಒರೆಸೋ ನೀರಿದ್ದ ಹಾಗಿದೆ, ಜಾಡಿ ಎಲ್ಲರ ಕೈ ದಾಟಿತು, ಎಲ್ಲರೂ ಥೂ ಅಂದರು, ನಾನು ಹಣ್ಣು ಅಂದ ಜಾಡಿ. ಸ್ಟೂಲು ಎಳೆದುಕೊಂಡು ಕೂತೆ. ಭಟ್ಟಿಯಣ್ಣ ಆ ಜಾಡಿಯನ್ನು ಎರಡೂ ಕೈಯಲ್ಲಿ ಹಿಡಿದು ಒಳಗೆ ಒಯ್ದ, ಬಂದು ಇನ್ನೊಂದನ್ನು ಸುರಿದ, ಅಷ್ಟರಲ್ಲಿ ಏನೋ ಬದಲಾಗಿತ್ತು ಆ ಕೋಣೆಯಲ್ಲಿ, ಯಾರೂ ನನ್ನ ಬಾಯಿ ನೋಡುತ್ತಿರಲಿಲ್ಲ, ಒಬ್ಬೊಬ್ಬರೂ ಗ್ಲಾಸಿನೊಳಗೆ ಬಹಳ ಹೊತ್ತು ಬಗ್ಗಿದ್ದರು, ಆಮೇಲೆ ಬಂದು ನನಗೆ ಹೇಳಿದರು, ಮಗುವಿಗೆ ತುತ್ತಿಡುವ ಹಾಗೆ, ಅಕ್ಕಾ, ಮುಚ್ಚಿಟ್ಟ ಪೆಟ್ಟಿಗೆ ತೆಗೆದ ಹಾಗಿದೆ, ಮೇಡಂ, ಬಿಸಿಲಲ್ಲಿ ಒಣಗಿದ ಹಗ್ಗ, ಹಿರಿಯರು ಬಹಳ ಯೋಚಿಸಿ, ಹಳೇ ಗಡಿಯಾರದ ಬೆನ್ನು ಬಿಚ್ಚಿದಾಗ ಬರುತ್ತಲ್ಲ ಅದು, ಅವರ ಹೆಂಡತಿ, ಸಾಕು, ನಿಮಗೆ ಎಲ್ಲಾದ್ರಲ್ಲೂ ಅದೇ ವಾಸನೆ, ಅಲ್ಲಮ್ಮಾ, ಇದು ಹಣ್ಣೇ, ಆದರೆ ಮರದ ಮೇಲಿರೋ ಹಣ್ಣಲ್ಲ, ಬಿದ್ದಿರೋದು — ಮಳೆ ಬಿದ್ದ ಕಲ್ಲು ಅಂತ ಒಬ್ಬರೂ ಹೇಳಲಿಲ್ಲ.

ಬಸ್ಸು ಇಳಿಯುತ್ತಿದೆ, ಬೆಟ್ಟ ಈಗ ಅವರ ಎಡಕ್ಕೋ ನನ್ನ ಎಡಕ್ಕೋ, ಹೇಳದಿದ್ದರೂ ನೋಡುತ್ತಾರೆ, ಯಜಮಾನರಿಗೆ ನಾಳೆ ನಾನೇ ಹೋಗಿ ಹೇಳಬೇಕು, ಚಿತ್ರ ಕೀಳಿಸುತ್ತಾರೆ, ದೊಡ್ಡ ಬಸ್ಸು ಬೇರೆಯವರಿಗೆ ಹೋಗುತ್ತದೆ, ಹೋಗಲಿ ಅನ್ನುವಷ್ಟು ಧೈರ್ಯ ನನಗಿಲ್ಲ, ಆದರೆ ಆ ಕೈ, ಗ್ಲಾಸು ಚಾಚಿದ ಆ ನಡುಗುವ ಕೈ ಹಿಂದಿನ ಸೀಟಿನಲ್ಲಿ ಕೈಚೀಲದ ಮೇಲೆ ನಿದ್ದೆ ಮಾಡುತ್ತಿದೆ, ಬೆಳಕು ಹಳದಿಯಾಗಿ ಮರಗಳ ಮೇಲಿಂದ ಜಾರುತ್ತಿದೆ, ಗಾಜಿನ ಮೇಲೆ ಮತ್ತೆ ಹಬೆ, ನಮ್ಮ ಬೀದಿಯ ತಿರುವು, ಬಾಗಿಲಲ್ಲಿ ಮಗಳು, ತೋಳಲ್ಲಿ ಮಗು, ಚಪ್ಪಲಿ ಬಿಡುವ ಮೊದಲೇ ಹೇಳಿಬಿಟ್ಟೆ, ಬಾಗಿಲಲ್ಲೇ, ನನಗೆ ವಾಸನೆ ಬರೋದಿಲ್ಲ ಕಣೇ, ಬೆಳಗ್ಗೆ ಸುಳ್ಳು ಹೇಳಿದೆ, ಮಗಳು ಮಗುವನ್ನು ಇನ್ನೊಂದು ತೋಳಿಗೆ ಹಾಕಿಕೊಂಡಳು, ನೀನು ಹಾಲು ಅಂದಾಗಲೇ ಗೊತ್ತಾಯ್ತಮ್ಮಾ ಅಂದಳು, ಹಾಲಿನ ವಾಸನೆ ಅಲ್ಲವೇ ಅಲ್ಲ ಅದು, ಟೋಪಿ ತೆಗೆದಳು, ಬಾ, ನಾನು ಹೇಳ್ತೀನಿ, ನೀನು ಮೂಗು ಇಡು, ಬಗ್ಗುತ್ತೇನೆ, ಕೂದಲು ತಾಗುತ್ತದೆ, ಅವಳೂ ಬಗ್ಗಿದ್ದಾಳೆ, ಅವಳ ಉಸಿರು ನನ್ನ ಕೆನ್ನೆಗೆ, ಹೇಗೆ ಹೇಳಲಿ ಅಮ್ಮಾ, ಬೆಚ್ಚಗಿದೆ, ಒಂಥರಾ, ಒಂಥರಾ ಅನ್ನುತ್ತಾಳೆ, ಮಾತು ಹುಡುಕುತ್ತಾಳೆ, ಸಿಗುವುದಿಲ್ಲ, ನಾನು ಕಾಯುತ್ತೇನೆ, ಮೂಗಿನ ತುದಿಯ ಕೆಳಗೆ ಮೆತ್ತನೆಯ ಆ ಜಾಗ, ಏಳುತ್ತದೆ, ಇಳಿಯುತ್ತದೆ, ಏಳುತ್ತದೆ